ಹೊತ್ತಿಸಲಾಗದ ಬೆಂಕಿ: ಬೂದಿಕುದ್ರುವಿನ ಮಾಂತ್ರಿಕ ಪದ್ಧತಿ ಕಟ್ಟಿದ ನನ್ನ ಅನುಭವ

ಬೂದಿಕುದ್ರು ನಾನು ಬರೆದ ಆಟ, ಮೇಜಿನ ಸುತ್ತ ಕೂತು ಪಾತ್ರ ವಹಿಸಿ ಆಡುವಂಥದ್ದು; ಅದರ ಬೆಂಕಿ ನಿಯಮ ಕೊನೆಗೂ ಗಟ್ಟಿಯಾಗಿ ನಿಂತಿತು. ನನ್ನ ಮೇಜಿನಲ್ಲಿ ಮಾತ್ರ ಅಲ್ಲ, ನಾನು ಇಲ್ಲದ ಮೇಜುಗಳಲ್ಲೂ ನಡೆಯಿತು. ಧಾರವಾಡದ ಒಂದು ಗುಂಪು ಮಳೆಗಾಲ ಪೂರ್ತಿ ಅದನ್ನೇ ಆಡಿತು. "ಬೆಂಕಿ ಹೊತ್ತಿಸೋಕೆ ಬಾರದ ಬೆಂಕಿ ಮಾಂತ್ರಿಕ ಯಾರಿಗೆ ಬೇಕು ಮಾರಾಯಾ?" ಅಂತ ಕೇಳಿದ ಗೆಳೆಯರೇ ಈಗ ನಿಯಮದ ಪ್ರತಿ ಕೇಳುತ್ತಿದ್ದಾರೆ. ಅದಕ್ಕೇ ಬರೆಯುತ್ತಿದ್ದೇನೆ. ಡೈಸ್, ಸೆಷನ್, ಕ್ಯಾರೆಕ್ಟರ್ ಶೀಟ್ ಅಂದ್ರೆ ಏನು ಅಂತ ವಿವರಿಸಲ್ಲ. ಇದನ್ನು ಓದುವವರು ಗೇಮ್ ಮಾಸ್ಟರ್ ಆಗಿ, ಅಂದ್ರೆ ಆಟ ನಡೆಸುವವರಾಗಿ, ಕೂತವರೇ ಇರುತ್ತೀರಿ.

ನಿಯಮ ಮೊದಲು ಹೇಳಿಬಿಡುತ್ತೇನೆ. ಬೂದಿಕುದ್ರು ನಡುಗಡಲಲ್ಲಿ ಇರುವ ಜ್ವಾಲಾಮುಖಿ ದ್ವೀಪ. ಅಲ್ಲಿ ಯಾರೂ ಹೊಸ ಬೆಂಕಿ ಹುಟ್ಟಿಸಲು ಆಗುವುದಿಲ್ಲ. ಕಲ್ಲಿಗೆ ಕಲ್ಲು ಹೊಡೆದರೆ ಕಿಡಿ ಬರುತ್ತದೆ, ಆದರೆ ಹತ್ತಿಕೊಳ್ಳುವುದಿಲ್ಲ. ಇರುವ ಬೆಂಕಿಯೆಲ್ಲ ಎಂದೋ ಒಮ್ಮೆ ಬೆಟ್ಟದ ಬಾಯಿಂದ ತಂದಿದ್ದು. ಮನೆಮನೆಗೂ ಒಂದು ಕೆಂಡ, ಅದಕ್ಕೊಂದು ವಂಶ. ಅದನ್ನು ಕಾಯುವವರು ಕೆಂಡಗಾರರು. ಕೆಂಡಕ್ಕೆ ತಾನು ತಿಂದದ್ದು ನೆನಪಿರುತ್ತದೆ. ಬಲೆ ಸುಟ್ಟ ಕೆಂಡ ಸಿಕ್ಕಿಸಿ ಹಿಡಿಯುತ್ತದೆ. ಬಾಗಿಲು ಸುಟ್ಟ ಕೆಂಡ ಬಾಗಿಲು ತೆಗೆಯುತ್ತದೆ. ಮಾಂತ್ರಿಕತೆ ಅಂದ್ರೆ ಆ ನೆನಪನ್ನು ಕರೆಯುವುದು, ಅಷ್ಟೇ.

ಇಲ್ಲಿಗೆ ಬರುವ ಮೊದಲು ಮೂರು ಪದ್ಧತಿ ಬಿದ್ದುಹೋದವು. ಒಂದೊಂದೂ ಬೇರೆ ಬೇರೆ ಕಾರಣಕ್ಕೆ ಬಿತ್ತು.

ಮೊದಲನೆಯದು ಎಲ್ಲರೂ ಮಾಡುವ ಮನಾ ಪಾಯಿಂಟ್, ಅಂದ್ರೆ ಖರ್ಚು ಮಾಡುವ ಮಾಂತ್ರಿಕ ಶಕ್ತಿಯ ಅಂಕ. ಬೆಂಕಿ ಉಂಡೆ ಎಸೆಯಲು ಇಷ್ಟು, ಬೆಂಕಿ ಗೋಡೆಗೆ ಇಷ್ಟು. ಎರಡನೇ ಸೆಷನ್ ಮುಗಿಯುವ ಹೊತ್ತಿಗೆ ಆಟಗಾರರು ಅರ್ಧ ದ್ವೀಪ ಸುಟ್ಟಿದ್ದರು. ದ್ವೀಪದಲ್ಲಿ ಬೇರೆ ಏನಿತ್ತು ಅಂತ ನೋಡುವ ಗೋಜಿಗೇ ಯಾರೂ ಹೋಗಲಿಲ್ಲ. ಬೆಂಕಿ ಬರೀ ಆಯುಧ ಆಗಿಬಿಟ್ಟಿತು. ಆಯುಧಕ್ಕೆ ಸಂಪ್ರದಾಯ ಯಾಕೆ ಬೇಕು? ಬತ್ತಳಿಕೆ ಇದ್ದರೆ ಸಾಕಲ್ವಾ.

ಎರಡನೆಯದರಲ್ಲಿ ಬೆಲೆಯನ್ನು ಮೈಮೇಲೆ ಹಾಕಿದೆ. ಬೆಂಕಿ ಕರೆದರೆ ಪಾತ್ರದ ಜೀವದ ಅಂಕ, ಅಂದ್ರೆ ಎಚ್‌ಪಿ ಇಳಿಯುತ್ತದೆ. ಓದಲು ಭಾರಿ ಗಂಭೀರವಾಗಿತ್ತು. ಮೇಜಿನ ಮೇಲೆ ಲೆಕ್ಕದ ಪುಸ್ತಕ ಆಯಿತು. ಒಬ್ಬ ವೈದ್ಯನ ಪಾತ್ರ ತಗೊಂಡ, ಇನ್ನೊಬ್ಬ ಮಾಂತ್ರಿಕನದ್ದು. ಇವನು ಸುಡುವುದು, ಅವನು ವಾಸಿ ಮಾಡುವುದು. ರಾತ್ರಿ ಇಡೀ ಇದೇ.

ಮೂರನೆಯದು ಹಾಡು. ಆಟಗಾರರು ಮಂತ್ರವನ್ನು ಅಲ್ಲೇ ಕಟ್ಟಿ ಹೇಳಬೇಕು, ಪ್ರಾಸ ಕೂಡಿದರೆ ಬೆಂಕಿ ಬರುತ್ತದೆ. ಇದು ನನಗೆ ಈಗಲೂ ಇಷ್ಟ. ಭಾಮಿನಿ ಷಟ್ಪದಿ ಬಾಯಿಗೆ ಬರುವ ಇಬ್ಬರು ಇದ್ದ ಗುಂಪಿನಲ್ಲಿ ಸೊಗಸಾಗಿ ನಡೆಯಿತು. ಉಳಿದ ಗುಂಪುಗಳಲ್ಲಿ ನಾಚಿಕೆ ಸ್ವಭಾವದವರು ಬೆಂಕಿಯ ತಂಟೆಗೇ ಹೋಗಲಿಲ್ಲ. ಬಾಯಿಬಲ ಇದ್ದವರಿಗೆ ಮಾತ್ರ ಸಿಗುವ ಮಾಂತ್ರಿಕತೆ ಅಂದ್ರೆ ಅದು ಆಟಗಾರನ ಪರೀಕ್ಷೆ. ಪಾತ್ರಕ್ಕೆ ಅಲ್ಲಿ ಕೆಲಸವೇ ಇಲ್ಲ.

ದಾರಿ ಸಿಕ್ಕಿದ್ದು ದ್ವೀಪಗಳ ಬಗ್ಗೆ ಓದುವಾಗ. ಅಂಡಮಾನಿನ ಮೂಲನಿವಾಸಿಗಳ ಬಗ್ಗೆ ಹಿಂದಿನ ಶತಮಾನದ ಆರಂಭದಲ್ಲಿ ಬರೆದ ದಾಖಲೆಗಳಲ್ಲಿ ಒಂದು ಮಾತು ಬರುತ್ತದೆ. ಅವರು ಬೆಂಕಿಯನ್ನು ಆರದಂತೆ ಕಾಯುತ್ತಿದ್ದರು, ಬೇರೆ ಕಡೆ ಹೋಗುವಾಗ ಹೊಗೆಯಾಡುವ ಕೊಳ್ಳಿಯನ್ನೇ ಜೊತೆಗೆ ಒಯ್ಯುತ್ತಿದ್ದರು ಅಂತ. ಅದೇ ಅಂಡಮಾನ್ ಸಮುದ್ರದಲ್ಲಿ, ಪೋರ್ಟ್ ಬ್ಲೇರಿನಿಂದ (ಈಗಿನ ಹೆಸರು ಶ್ರೀ ವಿಜಯ ಪುರಂ) ಸುಮಾರು 140 ಕಿಲೋಮೀಟರ್ ದೂರದಲ್ಲಿ ಬ್ಯಾರನ್ ದ್ವೀಪ ಇದೆ. ಭಾರತದ ಏಕೈಕ ಜೀವಂತ ಜ್ವಾಲಾಮುಖಿ. 1787ರಲ್ಲಿ ಉಗುಳಿದ್ದು ದಾಖಲಾಗಿದೆ. ಆಮೇಲೆ ಬಹುಕಾಲ ಸುಮ್ಮನಿದ್ದು 1991ರಲ್ಲಿ ಮತ್ತೆ ಎದ್ದಿತು. ಜನವಸತಿ ಇಲ್ಲ. ನನ್ನ ತಲೆಯಲ್ಲಿ ಇವೆರಡೂ ಕೂಡಿಕೊಂಡವು. ಅಂಥ ಬೆಟ್ಟದ ಬುಡದಲ್ಲಿ ಜನ ಇದ್ದಿದ್ದರೆ? ಇರುವುದು ಅದೊಂದೇ ಬೆಂಕಿ ಆಗಿದ್ದರೆ?

ಇನ್ನೊಂದು ಗ್ರೀಸಿನ ಲೆಮ್ನೋಸ್ ದ್ವೀಪ. ಪ್ರಾಚೀನ ಕಾಲದಲ್ಲಿ ಅಲ್ಲಿ ಒಂಬತ್ತು ದಿನ ದ್ವೀಪದ ಎಲ್ಲಾ ಬೆಂಕಿ ಆರಿಸುತ್ತಿದ್ದರು. ಡೆಲೋಸ್ ದ್ವೀಪದಿಂದ ಹಡಗಿನಲ್ಲಿ ಹೊಸ ಬೆಂಕಿ ಬರಬೇಕು. ಹಡಗು ಬೇಗ ಬಂದರೂ ವಿಧಿ ಮುಗಿಯುವವರೆಗೆ ದಡಕ್ಕೆ ಬರುವಂತಿಲ್ಲ, ಕಡಲಲ್ಲೇ ಕಾಯಬೇಕು. ಇದನ್ನು ಓದಿದ ರಾತ್ರಿ ನನಗೆ ನಿದ್ದೆ ಬರಲಿಲ್ಲ. ಹಲವು ಸೆಷನ್ ನಡೆಯುವ ಒಂದು ಇಡೀ ಕ್ಯಾಂಪೇನ್ ಅದರೊಳಗೇ ಇತ್ತು. ತಣ್ಣಗಿನ ಒಲೆಗಳು, ಹಸಿ ಮೀನು, ಕತ್ತಲಲ್ಲಿ ಮಕ್ಕಳು, ಕಣ್ಣಿಗೆ ಕಾಣುವಷ್ಟು ದೂರದಲ್ಲಿ ಬೆಂಕಿ ಹೊತ್ತ ಹಡಗು.

ಹವಾಯಿಯ ಕೌಆಯಿ ದ್ವೀಪದಿಂದ ಗಾಳಿಯ ಕಲ್ಪನೆ ಬಂತು. ಅಲ್ಲಿ ಮಕಾನ ಅನ್ನುವ ಕಡಿದಾದ ಬೆಟ್ಟದ ಮೇಲಿಂದ ಹಗುರ ಮರದ ಕೊಳ್ಳಿ ಹಚ್ಚಿ ರಾತ್ರಿ ಎಸೆಯುತ್ತಿದ್ದರು. ಕೆಳಗಿನಿಂದ ಏರಿ ಬರುವ ಗಾಳಿ ಅವನ್ನು ಎತ್ತಿ ಕಡಲ ಮೇಲೆ ತೇಲಿಸುತ್ತಿತ್ತು. ಬೂದಿಕುದ್ರುವಿನಲ್ಲಿ ಕೆಂಡಗಾರ ಸತ್ತರೆ ಅವರ ಕೆಂಡದ ಒಂದು ಚೂರನ್ನು ಹೀಗೆ ಗಾಳಿಗೆ ಬಿಡುತ್ತಾರೆ. ಅದು ಎಷ್ಟು ದೂರ ಹೋಯಿತು ಅನ್ನೋದರ ಮೇಲೆ ಮುಂದಿನ ಕೆಂಡಗಾರರ ಪಾಲು ನಿರ್ಧಾರ.

ಪಾರ್ಸಿಗಳ ಆತಶ್ ಬೆಹ್ರಾಮ್ ಬೆಂಕಿಯನ್ನು ಪ್ರತಿಷ್ಠಾಪಿಸಲು 16 ಬಗೆಯ ಬೆಂಕಿ ಕೂಡಿಸುತ್ತಾರೆ, ಸಿಡಿಲಿನದೂ ಅದರಲ್ಲಿ ಸೇರುತ್ತದೆ. ಎರಡು ಕೆಂಡ ಕೂಡಿಸುವ ನನ್ನ ನಿಯಮಕ್ಕೆ ಧೈರ್ಯ ಕೊಟ್ಟಿದ್ದು ಅದು. ಕೂಡಿಸಿದರೆ ಎರಡೂ ವಂಶದ ನೆನಪು ಒಂದಾಗುತ್ತದೆ, ಆಮೇಲೆ ಬೇರೆ ಮಾಡಲು ಬರುವುದಿಲ್ಲ. ದ್ವೀಪದ ಮದುವೆ ಜಗಳಗಳೆಲ್ಲ ಇದರ ಸುತ್ತಲೇ ನಡೆಯುತ್ತವೆ.

ಫಿಜಿಯ ಬೆಂಗಾ ದ್ವೀಪದ ಸವಾವು ಜನ ಕಾದ ಕಲ್ಲಿನ ಮೇಲೆ ನಡೆಯುವುದನ್ನು ಮಾತ್ರ ಬೇಕೆಂದೇ ಮುಟ್ಟಲಿಲ್ಲ. ಆ ಶಕ್ತಿ ತಮ್ಮ ಹಿರಿಯರಿಗೆ ಹೇಗೆ ಬಂತು ಅನ್ನುವ ಕಥೆ ಅವರಿಗಿದೆ. ಅದು ಅವರ ಸ್ವತ್ತು. ಹೆಸರು ಬದಲಿಸಿ ಲೆವೆಲ್ ಐದರ ಸ್ಪೆಲ್ ಮಾಡುವುದು ನನಗೆ ಸರಿ ಕಾಣಲಿಲ್ಲ. ನಮ್ಮ ಕಡೆಯ ಒತ್ತೆಕೋಲದ (ದೈವ ಕೆಂಡಕ್ಕೆ ಬೀಳುವ ಕೋಲ) ಕೆಂಡವನ್ನೂ ಇದೇ ಕಾರಣಕ್ಕೆ ಆಟಕ್ಕೆ ಎಳೆಯಲಿಲ್ಲ. ಒಂದು ದೇಶದ ಜನ ಕೈಮುಗಿಯುವ ಬೆಂಕಿಗೂ ಮೇಜಿನ ಮೇಲಿನ ಬೆಂಕಿಗೂ ನಡುವೆ ಅಂತರ ಇರಬೇಕು. ಓದಿನಿಂದ ತೆಗೆದುಕೊಳ್ಳಬೇಕಾದ್ದು ಕಟ್ಟುಪಾಡಿನ ತರ್ಕ. ದೇವರನ್ನು ಅವರಿಗೇ ಬಿಡಬೇಕು.

ಈಗ ಡೈಸ್ ವಿಷಯ. ಕೆಂಡಕ್ಕೆ ಒಂದು ಡೈಸ್. ಮೈದುಂಬಿದ ಕೆಂಡ ಡಿ12, ಅಂದ್ರೆ 12 ಮುಖದ ಡೈಸ್. ಪ್ರತಿ ಸಲ ನೆನಪು ಕರೆದಾಗ ಉರುಳಿಸಬೇಕು. 1 ಅಥವಾ 2 ಬಿದ್ದರೆ ಒಂದು ಮೆಟ್ಟಿಲು ಇಳಿಯುತ್ತದೆ: ಡಿ10, ಡಿ8, ಡಿ6, ಡಿ4. ಡಿ4ರಲ್ಲೂ ಬಿದ್ದರೆ ಆರಿತು. ಮೊದಲು 1 ಬಿದ್ದರೆ ಮಾತ್ರ ಇಳಿಯುತ್ತಿತ್ತು. ಆಗ ತುಂಬಿದ ಕೆಂಡ ಆರಲು ಸರಾಸರಿ 40 ಉರುಳು ಬೇಕು. ಯಾರಿಗೂ ಭಯವೇ ಇರಲಿಲ್ಲ. 2ನ್ನೂ ಸೇರಿಸಿದ ಮೇಲೆ ಸರಾಸರಿ 20ಕ್ಕೆ ಇಳಿಯಿತು. ಅದಕ್ಕಿಂತ ಮುಖ್ಯ, ಡಿ4ಕ್ಕೆ ಬಂದಾಗ ಅರ್ಧಕ್ಕೆ ಅರ್ಧ ಸಂಭವ. ಆ ಕೊನೆಯ ಮೆಟ್ಟಿಲಲ್ಲಿ ಮೇಜು ಪೂರ್ತಿ ಉಸಿರು ಹಿಡಿಯುತ್ತದೆ. ಡೈಸ್ ಕೈಗೆ ತಗೊಂಡು ಮತ್ತೆ ಕೆಳಗಿಟ್ಟವರನ್ನು ನೋಡಿದ್ದೇನೆ. "ಬೇಡ ಅಣ್ಣಾ, ಈಜಿಕೊಂಡೇ ಹೋಗ್ತೀನಿ" ಅಂದ ಹುಡುಗನೊಬ್ಬ. ಅಲ್ಲಿಯವರೆಗೆ ಅವನು ಯಾವ ಆಟದಲ್ಲೂ ಸ್ಪೆಲ್ ಉಳಿಸಿಕೊಂಡವನಲ್ಲ.

ಕೆಂಡ ಮತ್ತೆ ಏರಬೇಕಾದರೆ ಉಣಿಸಬೇಕು. ಇಲ್ಲಿ ಸೌದೆ ಗೊತ್ತಿದ್ದವರಿಗೆ ಲಾಭ. ತೆಂಗಿನ ಒಣ ಮಡಲು ಭಗ್ಗನೆ ಉರಿದು ಆ ಸರದಿಗೆ ಎರಡು ಮೆಟ್ಟಿಲು ಮೇಲೆ, ಮುಂದಿನ ಸರದಿಗೆ ಮೂರು ಕೆಳಗೆ. ತೆಂಗಿನ ಕರಟ ಒಂದು ಮೆಟ್ಟಿಲು ಏರಿಸಿ ಅಲ್ಲೇ ನಿಲ್ಲಿಸುತ್ತದೆ. ಗಾಳಿಮರ ಹಸಿ ಇದ್ದರೂ ಉರಿಯುತ್ತದೆ, ಹಾಗಾಗಿ ಮಳೆಯಲ್ಲಿ ಅದಕ್ಕೇ ಬೆಲೆ. ಕಾಂಡ್ಲಾ (ಮ್ಯಾಂಗ್ರೋವ್) ಸೌದೆ ಒಳ್ಳೆಯ ಕಾವು ಕೊಡುತ್ತದೆ, ಆದರೆ ಕಡಿದರೆ ದಡ ಕೊರೆದು ಊರಿಗೆ ನೀರು ನುಗ್ಗುತ್ತದೆ, ಆ ಲೆಕ್ಕ ನಾನು ಬೇರೆ ಹಾಳೆಯಲ್ಲಿ ಇಟ್ಟಿರುತ್ತೇನೆ. ತೆಂಗಿನ ನಾರು ಏರಿಸುವುದಿಲ್ಲ, ಇಳಿಯಲು ಬಿಡುವುದಿಲ್ಲ.

ಇವು ಸುಮ್ನೆ ಬರೆದ ಅಂಕಿ ಅಲ್ಲ. ಬಾಲ್ಕನಿಯಲ್ಲಿ ಕೂತು ನೋಡಿದ್ದು. ಹಿಂದೆ ಗೂಡಂಗಡಿ ಮುಂದೆ ಬೀಡಿ ಹಚ್ಚಲು ಹೊಗೆಯಾಡುವ ನಾರಿನ ಹಗ್ಗ ನೇತಾಡುತ್ತಿತ್ತಲ್ಲ, ಅಂಥದ್ದೇ ಹೆಬ್ಬೆರಳು ಗಾತ್ರದ್ದು ತಂದೆ. ಗಾಳಿ ಇಲ್ಲದ ದಿನ ಗಂಟೆಗೆ ನಾಲ್ಕೈದು ಬೆರಳಿನಷ್ಟು ಉರಿಯಿತು. ಗಾಳಿ ಬಂದಾಗ ಅದರ ದುಪ್ಪಟ್ಟು. ಬೆರಣಿಯ ಕೆಂಡವನ್ನು ಮಡಕೆಯಲ್ಲಿ ಬೂದಿ ಮುಚ್ಚಿ ಇಟ್ಟರೆ ಬೆಳಗಿನವರೆಗೂ ಆರಾಮಾಗಿ ಇತ್ತು. ನಮ್ಮ ಅಜ್ಜಿ ಇದನ್ನು ದಿನಾ ಮಾಡುತ್ತಿದ್ದರು. ಒಲೆ ಆರಿದರೆ ಪಕ್ಕದ ಮನೆಗೆ ಕರಟ ಹಿಡಿದು ಕೆಂಡ ಕೇಳಲು ಹೋಗುವುದು ಅವರಿಗೆ ಮಾಮೂಲಿ. ಕರಟದಲ್ಲಿ ಬೂದಿ ಹಾಸಿ ಇಟ್ಟ ಕೆಂಡ ನನಗೆ ಒಂದು ಗಂಟೆ ಚಿಲ್ಲರೆ ಬಂತು. ಆಲ್ಪ್ಸ್ ಹಿಮದಲ್ಲಿ 1991ರಲ್ಲಿ ಸಿಕ್ಕ, 5000 ವರ್ಷಕ್ಕೂ ಹಳೆಯ ಆ ಮನುಷ್ಯನ ಹತ್ತಿರ ಮರದ ತೊಗಟೆಯ ಡಬ್ಬಿ ಇತ್ತು, ಅದರಲ್ಲಿ ಎಲೆ ಸುತ್ತಿದ ಇದ್ದಿಲು. ಅವನೂ ಕೆಂಡ ಹೊತ್ತು ನಡೆದವನೇ. ಅದಕ್ಕೇ ಎಲೆಯಲ್ಲಿ ಸುತ್ತಿಯೂ ನೋಡಿದೆ. ಬಾಳೆ ಎಲೆ ಬೇಡ, ಬೆವತು ಕೆಂಡ ಸಾಯುತ್ತದೆ. ಮುತ್ತುಗದ ಎಲೆ ವಾಸಿ. ಯಾವ ಪದರದಲ್ಲಿ ಏನು ಇಟ್ಟೆ ಅನ್ನೋದು ನನ್ನ ಹತ್ತಿರವೇ ಇರಲಿ, ಅದರ ಮೇಲೆ ಇನ್ನೊಂದು ಆಟ ಬರೆಯುತ್ತಿದ್ದೇನೆ.

ಒಂದು ಎಚ್ಚರಿಕೆ. ಇದನ್ನೆಲ್ಲ ಮನೆಯೊಳಗೆ, ಬಾಗಿಲು ಹಾಕಿಕೊಂಡು ಮಾಡಬೇಡಿ. ಕೆಂಡದಿಂದ ಬರುವ ಕಾರ್ಬನ್ ಮಾನಾಕ್ಸೈಡ್ ಕಣ್ಣಿಗೂ ಕಾಣಲ್ಲ, ಮೂಗಿಗೂ ಗೊತ್ತಾಗಲ್ಲ. ಜೀವ ಹೋಗುತ್ತದೆ.

ಬಣ್ಣದ ಬೆಂಕಿಯ ಹುಚ್ಚೂ ಸ್ವಲ್ಪ ದಿನ ಹಿಡಿದಿತ್ತು. ತಾಮ್ರ ಇದ್ದರೆ ಜ್ವಾಲೆ ಹಸಿರು, ಅಡಿಕೆ ತೋಟದವರ ಮನೆಯಲ್ಲಿ ತಾಮ್ರ ಇರುವ ಮೈಲುತುತ್ತಕ್ಕೆ ಏನು ಬರ. ಉಪ್ಪು ಬಿದ್ದರೆ ಹಳದಿ. ಕಡಲಲ್ಲಿ ತೇಲಿ ಬಂದ ಮರ ನೀಲಿ ಛಾಯೆಯಲ್ಲಿ ಉರಿಯುತ್ತದೆ. ಇದರಿಂದ ಒಂದು ಒಳ್ಳೆಯ ನಿಯಮ ಹುಟ್ಟಿತು: ಬೂದಿಕುದ್ರುವಿನಲ್ಲಿ ನೀಲಿ ಬೆಂಕಿ ಕಂಡರೆ ಯಾರೋ ಒಡೆದ ಹಡಗನ್ನು ಸುಡುತ್ತಿದ್ದಾರೆ ಅಂತ ಅರ್ಥ, ಸತ್ತ ನಾವಿಕರ ನೆನಪು ಆ ಕೆಂಡಕ್ಕೆ ಸೇರುತ್ತಿದೆ. ತೇಲಿ ಬಂದ ಮರದ ಮೇಲೆ ಅಡುಗೆ ಮಾತ್ರ ಮಾಡಬೇಡಿ, ಉಪ್ಪು ಕುಡಿದ ಮರದ ಹೊಗೆ ವಿಷ. ಯಕ್ಷಗಾನದಲ್ಲಿ ಬಣ್ಣದ ವೇಷ ಬರುವಾಗ ದೀವಟಿಗೆಗೆ ರಾಳದ ಪುಡಿ ಎರಚಿ ಭುಗಿಲೆಬ್ಬಿಸುತ್ತಾರಲ್ಲ, ಅದನ್ನೂ ಆಟಕ್ಕೆ ತಂದೆ. ಗಟ್ಟಿ ರಾಳ ಮೆಲ್ಲಗೆ ಉರಿಯುತ್ತದೆ, ಪುಡಿ ಮಾಡಿ ಗಾಳಿಗೆ ಎಸೆದರೆ ಒಮ್ಮೆಗೇ ಹತ್ತುತ್ತದೆ. ನನ್ನ ದ್ವೀಪದ ಮೋಸಗಾರ ಕೆಂಡಗಾರರ ಕೈಚಳಕ ಇದು. ನೆನಪಿಲ್ಲದ ಬೆಂಕಿ, ಬರೀ ಭುಗಿಲು. ಆಟಗಾರರು ಸತ್ಯ ಯಾವುದು, ರಾಳ ಯಾವುದು ಅಂತ ಕಂಡುಹಿಡಿಯಬೇಕು.

ನೆನಪಿನ ನಿಯಮ ಪಳಗಿಸಲು ಜಾಸ್ತಿ ಸಮಯ ಹೋಯಿತು. ಮಿತಿ ಇಲ್ಲದಿದ್ದಾಗ ಒಬ್ಬಾಕೆ ಸಂತೆಯ ಸಾಮಾನೆಲ್ಲ ಒಂದೊಂದು ತುಂಡು ಸುಟ್ಟು ಎಲ್ಲಾ ಶಕ್ತಿ ಪಡೆದಳು. ಜಾಣತನವೇ, ಆದರೆ ಅಲ್ಲಿಗೆ ಆಟ ಮುಗಿಯಿತು. ಈಗ ಒಂದು ಕೆಂಡಕ್ಕೆ ಐದೇ ನೆನಪು. ಆರನೆಯದು ಬಂದರೆ ಒಂದನ್ನು ಮರೆಯಬೇಕು, ಯಾವುದು ಅಂತ ಆಟಗಾರ ಬಾಯಿಬಿಟ್ಟು ಹೇಳಬೇಕು. ಸುಡುವ ವಸ್ತು ಕ್ಯಾರೆಕ್ಟರ್ ಶೀಟಿನಲ್ಲಿ ಕನಿಷ್ಠ ಒಂದು ಸೆಷನ್ ಇದ್ದಿರಬೇಕು. ಕೊಂಡು ತಂದು ಆಗಲೇ ಸುಟ್ಟರೆ ಕೆಂಡ ಅದನ್ನು ತಿನ್ನುತ್ತದೆ, ನೆನಪಿಟ್ಟುಕೊಳ್ಳುವುದಿಲ್ಲ.

ಈ ಒಂದು ಸಾಲು ಎಲ್ಲವನ್ನೂ ಬದಲಿಸಿತು. ಲೆಮ್ನೋಸ್ ಮಾದರಿಯ ಒಂಬತ್ತು ದಿನದ ಕಥೆಯಲ್ಲಿ ಒಬ್ಬ ಹುಡುಗಿ ತೀರಿಹೋದ ಅಣ್ಣನ ದೋಣಿಯ ಹುಟ್ಟನ್ನು ಮೊದಲ ಸೆಷನ್‌ನಿಂದ ಹೊತ್ತು ತಿರುಗುತ್ತಿದ್ದಳು, ಅಂದ್ರೆ ಅವಳ ಪಾತ್ರ. ಬೆಂಕಿಯ ಹಡಗು ಸುಳಿಯಲ್ಲಿ ಸಿಕ್ಕಿತ್ತು. ದಡದಲ್ಲಿ ಕದ್ದು ಉಳಿಸಿಕೊಂಡ ಒಂದೇ ಕೆಂಡ, ಅದೂ ಡಿ4. ಹುಟ್ಟು ಸುಟ್ಟರೆ ಕೆಂಡಕ್ಕೆ ಆ ಸುಳಿಯ ದಾರಿ ಗೊತ್ತಾಗುತ್ತದೆ. ಸುಡದಿದ್ದರೆ ಅಣ್ಣನ ಗುರುತು ಉಳಿಯುತ್ತದೆ, ದ್ವೀಪಕ್ಕೆ ಬೆಂಕಿ ಇಲ್ಲ. ಅವಳು ಬಹಳ ಹೊತ್ತು ಕೂತಳು. ಪಕ್ಕದವನು "ಅಕ್ಕ, ನಿಮ್ಮಿಷ್ಟ, ನಾವು ಏನೂ ಹೇಳಲ್ಲ" ಅಂದ. ಸುಟ್ಟಳು. ಉರುಳಿಸಿದಳು. 3 ಬಿತ್ತು. ಕೂಗಾಟಕ್ಕೆ ಕೆಳಗಿನ ಮನೆಯವರು ಬಂದು ಬೆಲ್ ಮಾಡಿದರು. ಯಾವ ಬೆಂಕಿ ಉಂಡೆಯೂ ನನ್ನ ಮೇಜಿನಲ್ಲಿ ಇಂಥ ಕೂಗು ಎಬ್ಬಿಸಿರಲಿಲ್ಲ. ಕನ್ನಡದಲ್ಲಿ ಆಡುವ ಮೇಜುಗಳಲ್ಲಿ ಇದಕ್ಕಿಂತ ಗಟ್ಟಿಯಾದ ಬೆಂಕಿ ನಿಯಮ ನಾನಂತೂ ನೋಡಿಲ್ಲ.

ದುಡ್ಡಿನ ವಿಷಯ. ಪ್ರಯೋಗದ ಸೆಷನ್‌ಗಳ ಕಾಫಿ, ಬನ್ನು, ಚುರುಮುರಿಗೇ ಏನಿಲ್ಲ ಅಂದ್ರೂ ಹತ್ತು ಸಾವಿರ ಹೋಗಿರಬೇಕು. ಡೈಸ್ ಸೆಟ್ ಒಂದಕ್ಕೆ ನಾನೂರರ ಆಸುಪಾಸು, ಏಳೆಂಟು ಸೆಟ್ ತಂದೆ. ಚಿತ್ರ ಬರೆದ ಗೆಳತಿಗೆ ಹದಿನೈದು ಸಾವಿರ ಕೊಟ್ಟೆ, ಅವರ ಕೆಲಸಕ್ಕೆ ಅದು ಕಡಿಮೆಯೇ. ಪುಸ್ತಕ 48 ಪುಟ, 200 ಪ್ರತಿ, ಮೂವತ್ತು ಸಾವಿರದ ಮೇಲೆ. ನೆನಪಿನ ಕಾರ್ಡುಗಳಿಗೆ ಇನ್ನೊಂದು ಹನ್ನೆರಡು ಸಾವಿರ. ಮೊದಲ ಕಂತಿನ ಕಾರ್ಡುಗಳಲ್ಲಿ ಪ್ರೆಸ್ಸಿನವರು ಕೆಂಡದ ಕೇಸರಿಯನ್ನು ಗುಲಾಬಿ ಮಾಡಿದರು. ಪ್ರೂಫ್ ಹಾಳೆಯಲ್ಲಿ ಬಣ್ಣ ಸರಿಯೇ ಇತ್ತು. ಅರ್ಧ ದುಡ್ಡು ವಾಪಸ್ ಬಂತು, ಅರ್ಧ ಬರಲಿಲ್ಲ. ಮರುಮುದ್ರಣ ಬೇರೆ ಕಡೆ ಮಾಡಿಸಿದೆ. ಪ್ರತಿಗೆ 350 ರೂಪಾಯಿ ಇಟ್ಟೆ. "ಕನ್ನಡದಲ್ಲಿ ಆಟದ ಪುಸ್ತಕ ಯಾರು ತಗೋತಾರೆ ಗುರು, ಐವತ್ತು ಹೋದರೆ ಹೆಚ್ಚು" ಅಂದಿದ್ದರು. ಹತ್ತಿರ ಹತ್ತಿರ ಎಲ್ಲವೂ ಹೋಗಿವೆ, ಕೈಯಲ್ಲಿ ಹತ್ತು ಹನ್ನೆರಡು ಇರಬಹುದು. ಲಾಭ ಅಂತ ಹೇಳುವಂಥದ್ದು ಉಳಿಯಲಿಲ್ಲ, ಹಾಕಿದ ದುಡ್ಡು ಬಹುತೇಕ ವಾಪಸ್ ಬಂತು.

ನಡೆಸುವವರಿಗೆ ಎರಡು ಮಾತು. ಮೊದಲ ಸೆಷನ್‌ನಲ್ಲೇ ಕೆಂಡ ಡಿ12 ಕೊಡಬೇಡಿ, ಡಿ8ರಿಂದ ಶುರು ಮಾಡಿ. ಹಸಿವು ಇದ್ದರೆ ಮಾತ್ರ ಆಟಗಾರರು ಸೌದೆ ಹುಡುಕುತ್ತಾರೆ, ಸೌದೆ ಹುಡುಕಿದರೆ ಮಾತ್ರ ದ್ವೀಪ ನೋಡುತ್ತಾರೆ. ಶತ್ರುಗಳ ಕೈಯಲ್ಲೂ ಕೆಂಡ ಇರಲಿ, ಅದರ ಐದು ನೆನಪು ಮೊದಲೇ ಬರೆದಿಡಿ. ಕದ್ದ ಕೆಂಡ ಹಳೆಯ ನೆನಪುಗಳನ್ನೇ ಹೊತ್ತು ಬರುತ್ತದೆ, ಕದ್ದವರಿಗೆ ಅವು ಏನು ಅಂತ ಗೊತ್ತಿರುವುದಿಲ್ಲ. ಇದರಿಂದ ಎರಡು ಮೂರು ಸೆಷನ್ ತಾನಾಗಿಯೇ ನಡೆಯುತ್ತದೆ. ಹೆಣ ಸುಟ್ಟ ಕೆಂಡಕ್ಕೆ ಏನಾಗುತ್ತದೆ ಅಂತ ಎಲ್ಲರೂ ಕೇಳುತ್ತಾರೆ. ಅದರ ನಿಯಮ ಇದೆ, ಪುಸ್ತಕದಲ್ಲಿ ಹಾಕಿಲ್ಲ. ಗಾಳಿಯ ಕಾರ್ಡುಗಳನ್ನು ನಾನು ಯಾವ ಕ್ರಮದಲ್ಲಿ ಜೋಡಿಸುತ್ತೇನೆ ಅನ್ನೋದನ್ನೂ ಹಾಕಿಲ್ಲ. ನನ್ನ ಮೇಜಿಗೆ ಬಂದು ಆಡಿದವರಿಗೆ ಅವೆರಡೂ ಗೊತ್ತಾಗುತ್ತವೆ.

ಎರಡನೇ ಮುದ್ರಣಕ್ಕೆ ಮಳೆಯ ಅಧ್ಯಾಯ ಸೇರಿಸುತ್ತಿದ್ದೇನೆ. ಕಾಗದದ ದರ ಏರಿದೆ, ಬೆಲೆ 400 ಆಗಬಹುದು. ಕಾರ್ಡುಗಳ ಕೇಸರಿ ಬಣ್ಣದ ಮೊದಲ ಹಾಳೆ ಯಂತ್ರದಿಂದ ಬರುವಾಗ ಈ ಸಲ ನಾನೇ ಪ್ರೆಸ್ಸಿನಲ್ಲಿ ನಿಂತಿರುತ್ತೇನೆ.